ವಖಾರಿಯೊಳಗೆ ಒಂದು ಕ್ಯಾಮೆರಾ

ಕಳೆದ ವರ್ಷ ಒಂದು ವಿಚಾರ ಸಂಕಿರಣದಲ್ಲಿ ನನ್ನ ಸಂಶೋಧನೆಯ ಒಂದು ಅಧ್ಯಾಯವನ್ನು ಮಂಡಿಸಿದೆ. ಉತ್ತರ ಕರ್ನಾಟಕದ ಅಸಂಘಟಿತ ಮಹಿಳಾ ಕಾರ್ಮಿಕರ ಚರಿತ್ರೆ ನನ್ನ ಪಿಎಚ್.ಡಿ. ವಿಷಯ. ನಿಪ್ಪಾಣಿಯ ತಂಬಾಕು ವಖಾರಿಗಳ ಬಗ್ಗೆ ಮಾತಾಡುವಾಗ 1982ರ ಒಂದು ಸಾಕ್ಷ್ಯಚಿತ್ರದಿಂದ ಎರಡು ನಿಮಿಷದ ತುಣುಕನ್ನು ಪರದೆಯ ಮೇಲೆ ತೋರಿಸಿದೆ. ಕಪ್ಪು ಬಿಳುಪಿನ ಚಿತ್ರ. ಧೂಳು ತುಂಬಿದ ಕೋಣೆ, ಮೂಗಿಗೆ ಸೆರಗು ಬಿಗಿದುಕೊಂಡ ಹೆಂಗಸರು. ತುಣುಕು ಮುಗಿದ ಮೇಲೆ ಎರಡು ಪ್ರಶ್ನೆಗಳು ಬಂದವು.

ಮೊದಲನೆಯದನ್ನು ಕೇಳಿದವರು ಹಿರಿಯ ಇತಿಹಾಸಕಾರರು. "ಈ ಚಿತ್ರದಲ್ಲಿ ಕೆಲವು ಭಾಗಗಳನ್ನು ಕೆಲಸಗಾರರೇ ಮತ್ತೆ ನಡೆಸಿ ತೋರಿಸಿದ್ದು ಅಂತೀರಿ. ಹಾಗಾದರೆ ಇದನ್ನು ದಾಖಲೆ ಅಂತ ಹೇಗೆ ಬಳಸ್ತೀರಿ?" ಎರಡನೆಯದನ್ನು ಕೇಳಿದ್ದು ಕೊನೆಯ ಸಾಲಿನಲ್ಲಿದ್ದ ಎಂ.ಎ. ವಿದ್ಯಾರ್ಥಿನಿ. "ಇದನ್ನ ಶೂಟ್ ಮಾಡಿದ್ದು ಯಾರು?"

ಮೊದಲ ಪ್ರಶ್ನೆಗೆ ಏನೋ ಒಂದು ಉತ್ತರ ಹೇಳಿದೆ. ಎರಡನೆಯದಕ್ಕೆ ನನ್ನಲ್ಲಿ ಉತ್ತರವೇ ಇರಲಿಲ್ಲ. ನನ್ನ ಅಡಿಟಿಪ್ಪಣಿಯಲ್ಲಿ ಚಿತ್ರದ ಹೆಸರು, ವರ್ಷ, ನಿರ್ದೇಶಕರ ಹೆಸರು ಇದ್ದವು, ಅಷ್ಟೇ. ಒಂದು ಕಡತವನ್ನು ಉಲ್ಲೇಖಿಸುವಾಗ ಅದನ್ನು ಬರೆದ ಗುಮಾಸ್ತ ಯಾರು, ಯಾವ ಕುರ್ಚಿಯಲ್ಲಿ ಕುಳಿತು ಬರೆದ ಎಂದೆಲ್ಲ ವಿಚಾರಿಸುವ ನಾವು, ದೃಶ್ಯದ ವಿಷಯ ಬಂದಾಗ ಅದನ್ನು ನೋಡಿದ ಕಣ್ಣು ಯಾರದೆಂದು ಕೇಳುವುದೇ ಇಲ್ಲ. ಈ ಬರಹ ಆ ಹುಡುಗಿಯ ಪ್ರಶ್ನೆಗೆ ತಡವಾಗಿ ಕೊಡುತ್ತಿರುವ ಉತ್ತರ. ಆಕೆಗೆ ಉತ್ತರ ಹುಡುಕುತ್ತ ಹೋದಾಗ ಮೊದಲ ಪ್ರಶ್ನೆಗೂ ಒಂದು ದಾರಿ ಕಂಡಿತು.

ಶೂಟ್ ಮಾಡಿದವರು ನವರೋಜ್ ಕಾಂಟ್ರಾಕ್ಟರ್. ನಮ್ಮ ಬೆಂಗಳೂರಿನಲ್ಲೇ ದಶಕಗಳ ಕಾಲ ಬಾಳಿದವರು. ಬರೋಡಾದ ಲಲಿತಕಲಾ ವಿಭಾಗದಲ್ಲೂ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲೂ ಕಲಿತವರು. ಜಾಝ್ ಸಂಗೀತಗಾರರ ಫೋಟೊಗಳನ್ನು ತೆಗೆಯುತ್ತಿದ್ದರು, ಮೋಟಾರ್ ಬೈಕುಗಳ ಹುಚ್ಚು ಹಚ್ಚಿಕೊಂಡಿದ್ದರು. 2023ರ ಜೂನ್‌ನಲ್ಲಿ, ಎಂಬತ್ತರ ಆಸುಪಾಸಿನಲ್ಲಿ, ಬೈಕ್ ಅಪಘಾತದಲ್ಲೇ ತೀರಿಕೊಂಡರು. ನಾನು ಅವರ ಹೆಸರು ಹುಡುಕುವ ಹೊತ್ತಿಗೆ ಅವರು ಇರಲಿಲ್ಲ. ಒಂದೇ ನಗರದಲ್ಲಿದ್ದೂ ಹೋಗಿ ಕೇಳಬಹುದಾಗಿದ್ದ ಪ್ರಶ್ನೆಗಳನ್ನು ಈಗ ಚಿತ್ರಗಳಿಗೇ ಕೇಳಬೇಕಾಗಿದೆ.

ಸಿನಿಮಾ ಬಲ್ಲವರಿಗೆ ಅವರ ಹೆಸರು ಮೊದಲು ನೆನಪಾಗುವುದು ಮಣಿ ಕೌಲ್ ಅವರ 'ದುವಿಧಾ'ದಿಂದ (1973). ವಿಜಯದಾನ್ ದೇಥಾ ಅವರ ಕತೆಯನ್ನು ಆಧರಿಸಿದ ಚಿತ್ರ ಅದು. ಮದುವೆಯಾದ ಕೂಡಲೇ ವ್ಯಾಪಾರಕ್ಕೆ ಹೊರಟುಹೋಗುವ ಗಂಡ, ಅವನ ರೂಪ ತಳೆದು ಮನೆಗೆ ಬರುವ ಭೂತ, ನಡುವೆ ಆ ಹೆಣ್ಣು. ರಾಜಸ್ಥಾನದ ಬಿಳಿ ಗೋಡೆಗಳು, ಕೆಂಪು ಓಢಣಿ, ಚಲಿಸದೆ ನಿಂತುಬಿಡುವ ಮುಖಗಳು. ಅದರ ಬಣ್ಣ ಮತ್ತು ಚೌಕಟ್ಟುಗಳ ಹಿಂದೆ ಪಹಾಡಿ ಕಿರುಚಿತ್ರಗಳ, ಅಂದರೆ ಬಸೋಹ್ಲಿ ಮತ್ತು ಕಾಂಗ್ರಾ ಶೈಲಿಗಳ, ಪ್ರೇರಣೆಯಿದೆ. ಆ ಚಿತ್ರಕ್ಕೆ ಮಣಿ ಕೌಲ್ ಅವರಿಗೆ ಶ್ರೇಷ್ಠ ನಿರ್ದೇಶನದ ರಾಷ್ಟ್ರಪ್ರಶಸ್ತಿ ಬಂತು. 'ದುವಿಧಾ' ನೋಡಿದವರು ಇದನ್ನು ತೆಗೆದವನು ಚಿತ್ರಕಲೆ ಬಲ್ಲವನು ಎಂದು ತಕ್ಷಣ ಹೇಳುತ್ತಾರೆ. ಅದೇ ಮನುಷ್ಯ ಎಂಟೊಂಬತ್ತು ವರ್ಷಗಳ ನಂತರ ತಂಬಾಕಿನ ಧೂಳಿನಲ್ಲಿ ನಿಂತಿದ್ದರು ಎನ್ನುವುದು ಅಷ್ಟು ಸುಲಭಕ್ಕೆ ಹೊಳೆಯುವುದಿಲ್ಲ.

ಈ ಎರಡರ ನಡುವೆ ನಡೆದದ್ದು ತುರ್ತು ಪರಿಸ್ಥಿತಿ. 1975ರಿಂದ 77ರವರೆಗಿನ ಆ ಅವಧಿ ಮುಗಿದ ಮೇಲೆ ನಮ್ಮಲ್ಲಿ ಸಾಕ್ಷ್ಯಚಿತ್ರ ಎಂಬ ಮಾತಿನ ಅರ್ಥವೇ ಬದಲಾಗತೊಡಗಿತು. ಅಲ್ಲಿಯವರೆಗೆ ಬಹುತೇಕರಿಗೆ ಸಾಕ್ಷ್ಯಚಿತ್ರವೆಂದರೆ 1948ರಲ್ಲಿ ಶುರುವಾದ ಫಿಲ್ಮ್ಸ್ ಡಿವಿಷನ್ನಿನ ಚಿತ್ರ. ಟಾಕೀಸಿನಲ್ಲಿ ಮುಖ್ಯ ಚಿತ್ರಕ್ಕೆ ಮೊದಲು ಕಡ್ಡಾಯವಾಗಿ ಬರುತ್ತಿದ್ದ, ಅಣೆಕಟ್ಟು, ಕಾರ್ಖಾನೆ, ಬರಪರಿಹಾರಗಳನ್ನು ತೋರಿಸುತ್ತಿದ್ದ ಚಿತ್ರ. ಅಲ್ಲೂ ಒಳ್ಳೆಯ ಕೆಲಸ ಮಾಡಿದವರಿದ್ದಾರೆ. ಆದರೆ ಸಾಮಾನ್ಯ ಮಾದರಿ ಎಲ್ಲರಿಗೂ ಪರಿಚಿತ: ಜನ ದುಡಿಯುತ್ತಿರುತ್ತಾರೆ, ಮೇಲಿನಿಂದ ಒಂದು ಗಂಭೀರ ಗಂಡಸಿನ ದನಿ ಅವರ ಬಗ್ಗೆ ಹೇಳುತ್ತಿರುತ್ತದೆ. ದುಡಿಯುವವರ ಬಾಯಿ ಅಲುಗಿದರೂ ಮಾತು ನಮಗೆ ಕೇಳಿಸುವುದಿಲ್ಲ.

1980ರಲ್ಲಿ ದೀಪಾ ಧನರಾಜ್, ಆಭಾ ಭಯ್ಯಾ, ಮೀರಾ ರಾವ್ ಮತ್ತು ನವರೋಜ್ ಸೇರಿ 'ಯುಗಾಂತರ್' ಎಂಬ ಚಿತ್ರತಂಡ ಕಟ್ಟಿದರು. ನಮ್ಮ ದೇಶದ ಮೊದಮೊದಲ ಸ್ತ್ರೀವಾದಿ ಚಿತ್ರತಂಡಗಳಲ್ಲಿ ಅದೊಂದು. ಮೂರು ವರ್ಷಗಳಲ್ಲಿ ನಾಲ್ಕು ಚಿತ್ರ ಮಾಡಿದರು. ಪುಣೆಯ ಮನೆಗೆಲಸದ ಹೆಂಗಸರು ಸಂಘಟಿತರಾದ ಬಗ್ಗೆ 'ಮೋಲ್ಕರೀಣ್' (1981), ನಿಪ್ಪಾಣಿಯ ತಂಬಾಕು ಕೆಲಸಗಾರ್ತಿಯರ ಬಗ್ಗೆ 'ತಂಬಾಕು ಚಾಕಿಲಾ ಊಬ್ ಆಲಿ' (1982), ಹೈದರಾಬಾದಿನ ಸ್ತ್ರೀಶಕ್ತಿ ಸಂಘಟನದ ಜೊತೆ ಸೇರಿ 'ಇದಿ ಕಥಾ ಮಾತ್ರಮೇನಾ' (1983), ಚಿಪ್ಕೋ ಚಳವಳಿಯ ಒಬ್ಬ ಹೆಂಗಸಿನ ಬಗ್ಗೆ 'ಸುದೇಶಾ' (1983). ಎಲ್ಲವೂ ಸುಮಾರು ಅರ್ಧ ಗಂಟೆಯವು. ಟಾಕೀಸುಗಳಿಗೆಂದು ಮಾಡಿದವಲ್ಲ. 16 ಎಂ.ಎಂ. ಪ್ರೊಜೆಕ್ಟರ್ ಹೊತ್ತುಕೊಂಡು ಹೋಗಿ ಕೇರಿಗಳಲ್ಲಿ, ಸಂಘಗಳ ಸಭೆಗಳಲ್ಲಿ ತೋರಿಸಲು ಮಾಡಿದವು.

ನಿಪ್ಪಾಣಿ ಬೆಳಗಾವಿ ಜಿಲ್ಲೆಯ ಗಡಿಯ ಊರು. ಬೀಡಿ ತಂಬಾಕಿನ ದೊಡ್ಡ ಪೇಟೆ. ಆ ಊರಿನ ಹೆಸರು ಪತ್ರಿಕೆಗಳಲ್ಲಿ ಹೆಚ್ಚು ಬಂದದ್ದು 1981ರಲ್ಲಿ, ಶರದ್ ಜೋಶಿ ನೇತೃತ್ವದಲ್ಲಿ ತಂಬಾಕು ಬೆಳೆಗಾರರು ಹೆದ್ದಾರಿ ತಡೆದು ಕುಳಿತಾಗ, ಗೋಲಿಬಾರಿನಲ್ಲಿ ರೈತರು ಸತ್ತಾಗ. ಆ ಚಳವಳಿಯ ಬಗ್ಗೆ ನನಗೆ ಓದಲು ಸಾಕಷ್ಟು ಸಿಕ್ಕಿತು. ಆದರೆ ರೈತ ಬೆಳೆದ ತಂಬಾಕು ಬೀಡಿಗೆ ಹೋಗುವ ಮೊದಲು ವಖಾರಿಗೆ ಬರುತ್ತದೆ. ಅಲ್ಲಿ ಒಣಗಿದ ಎಲೆಯನ್ನು ಬಡಿದು, ಕಡ್ಡಿ ಬೇರ್ಪಡಿಸಿ, ಜರಡಿ ಹಿಡಿದು, ದರ್ಜೆವಾರು ವಿಂಗಡಿಸುವವರು ಹೆಂಗಸರು. ಅವರೂ ಆಗಲೇ ಸಂಘ ಕಟ್ಟಿಕೊಂಡು ಸಾವಿರಾರು ಸಂಖ್ಯೆಯಲ್ಲಿ ಮುಷ್ಕರ ಹೂಡಿದ್ದರು. ನಾನು ನೋಡಿದ ಕಡತಗಳಲ್ಲಿ ಅವರು ಬಹುಪಾಲು ಬರೀ ಸಂಖ್ಯೆಗಳು. ಅವರ ಮುಖ, ಕೈ, ಮಾತು ಮೂರೂ ಒಟ್ಟಿಗೆ ನನಗೆ ಸಿಕ್ಕಿದ್ದು ಈ ಚಿತ್ರದಲ್ಲೇ.

ಇಂಥ ಜಾಗದಲ್ಲಿ ಶೂಟ್ ಮಾಡುವುದೆಂದರೆ ಏನೆಂದು ಈ ಮೊಬೈಲ್ ಕಾಲದಲ್ಲಿ ಕುಳಿತು ಊಹಿಸುವುದು ಕಷ್ಟ. 16 ಎಂ.ಎಂ. ಕ್ಯಾಮೆರಾಕ್ಕೆ 400 ಅಡಿಯ ಒಂದು ರೀಲು ಹಾಕಿದರೆ ಸಿಗುವುದು 11 ನಿಮಿಷ. ನೂರು ಅಡಿಯ ಸುರುಳಿಯಾದರೆ ಮೂರು ನಿಮಿಷವೂ ಇಲ್ಲ. ಕಚ್ಚಾ ಫಿಲ್ಮಿಗೆ ದುಡ್ಡು ಹೊಂದಿಸುವುದೇ ಒಂದು ಸಾಹಸ. ತೆಗೆದದ್ದು ಹೇಗೆ ಬಂದಿದೆ ಎಂದು ಗೊತ್ತಾಗುವುದು ದೂರದ ಲ್ಯಾಬಿನಿಂದ ಪ್ರಿಂಟ್ ಬಂದ ಮೇಲೆ. ಹಾಗಾಗಿ "ಎಲ್ಲವನ್ನೂ ತೆಗೆದಿಟ್ಟುಕೊಳ್ಳೋಣ, ಆಮೇಲೆ ಆರಿಸೋಣ" ಎನ್ನುವಂತಿಲ್ಲ. ಗುಂಡಿ ಒತ್ತುವ ಮೊದಲೇ ಕ್ಯಾಮೆರಾ ಹಿಡಿದವನಿಗೆ ಮುಂದೆ ಏನಾಗಲಿದೆ ಎಂಬ ಅಂದಾಜಿರಬೇಕು. ಜರಡಿ ಹಿಡಿಯುವವಳ ಕೈ ಎಷ್ಟು ಸುತ್ತಿಗೊಮ್ಮೆ ನಿಲ್ಲುತ್ತದೆ, ಕಡ್ಡಿ ಯಾವ ಕಡೆ ಬೀಳುತ್ತದೆ, ಅವಳು ಯಾವಾಗ ತಲೆ ಎತ್ತುತ್ತಾಳೆ ಎಂದು ತಿಳಿದಿರಬೇಕು. ಅಂದರೆ ಆ ಕೆಲಸವನ್ನು ಮೊದಲು ಕಣ್ಣಿನಿಂದ ಕಲಿಯಬೇಕು. ಯುಗಾಂತರ್ ತಂಡ ನಿಪ್ಪಾಣಿಯಲ್ಲಿ ತಿಂಗಳುಗಟ್ಟಲೆ ಇತ್ತು. ಹೆಂಗಸರ ಜೊತೆ ಕುಳಿತು ಅವರ ಮಾತು ಕೇಳಿ, ಏನನ್ನು ಹೇಗೆ ತೋರಿಸಬೇಕೆಂದು ಅವರೊಂದಿಗೇ ಚರ್ಚಿಸಿ ಚಿತ್ರ ಮಾಡಿತು. ಈ ಕಾಲಾವಧಿಯನ್ನು ನಾನು ಮೊದಲು ಬರೀ ರಾಜಕೀಯ ನಿಷ್ಠೆ ಎಂದುಕೊಂಡಿದ್ದೆ. ಈಗ ಅದು ಛಾಯಾಗ್ರಹಣದ ತಾಂತ್ರಿಕ ಅಗತ್ಯವೂ ಆಗಿತ್ತು ಅನಿಸುತ್ತದೆ.

ಕ್ಷೇತ್ರಕಾರ್ಯಕ್ಕೆಂದು ನಿಪ್ಪಾಣಿಗೆ ಹೋದಾಗ ಒಬ್ಬ ಅಜ್ಜಿಗೆ ಲ್ಯಾಪ್‌ಟಾಪಿನಲ್ಲಿ ಈ ಚಿತ್ರ ತೋರಿಸಿದೆ. ಅವರು ಚಿತ್ರದಲ್ಲಿಲ್ಲ. ಆದರೆ ಅದೇ ಕಾಲದಲ್ಲಿ ಬೇರೊಂದು ವಖಾರಿಯಲ್ಲಿ ದುಡಿದವರು. ನಾನು ಅವರು ಮುಷ್ಕರದ ಭಾಗದ ಬಗ್ಗೆ ಮಾತಾಡುತ್ತಾರೆಂದು ನೋಟ್‌ಬುಕ್ ತೆರೆದು ಕುಳಿತಿದ್ದೆ. ಅವರು ಮಾತಾಡಿದ್ದು ಬೇರೆಯದೇ. "ಇವ್ರು ಬಾಗಲದಾಗ ನಿಂತು ತೆಗದಿಲ್ಲ ಬಿಡು, ಒಳಗ ಬಂದಾರ," ಅಂದರು. ಹೇಗೆ ಗೊತ್ತಾಯಿತು ಎಂದೆ. ಸಾಹೇಬರು ಯಾರೇ ಬಂದರೂ ಮೂಗಿಗೆ ಕರವಸ್ತ್ರ ಹಿಡಿದು ಬಾಗಿಲಲ್ಲಿ ನಿಂತು ನೋಡಿ ಹೋಗುತ್ತಿದ್ದರಂತೆ. "ಬಾಗಲದಾಗ ನಿಂತ್ರ ಬರೇ ಧೂಳ ಕಾಣತೈತಿ. ಇದ್ರಾಗ ಮಂದಿ ಕಾಣತಾರ."

ಊರಿಗೆ ಮರಳಿ ಚಿತ್ರವನ್ನು ಮತ್ತೆ ನೋಡಿದೆ. ಸ್ಥಿರಚಿತ್ರದ ಅಭ್ಯಾಸವಿರುವ ಗೆಳೆಯನೊಬ್ಬನನ್ನೂ ಪಕ್ಕದಲ್ಲಿ ಕೂರಿಸಿಕೊಂಡೆ. ಅಜ್ಜಿ ಹೇಳಿದ್ದು ಬೆಳಕಿನ ಪಾಠವೂ ಹೌದು ಎಂದ ಅವನು. ಕತ್ತಲ ಕೋಣೆಯಲ್ಲಿ ಧೂಳು ಎದ್ದಾಗ, ನೋಡುವವ ದೂರವಿದ್ದಷ್ಟೂ ಅವನ ಮತ್ತು ಮುಖದ ನಡುವೆ ಧೂಳಿನ ಪರದೆ ದಪ್ಪವಾಗುತ್ತದೆ. ಅದರ ಮೇಲೆ ಬೆಳಕು ಬಿದ್ದರೆ ಪರದೆಯೇ ಹೊಳೆಯುತ್ತದೆ, ಹಿಂದಿರುವವರು ನೆರಳಾಗುತ್ತಾರೆ. ಬಹಳ ಸುಂದರವಾದ ಚಿತ್ರ ಸಿಗುತ್ತದೆ, ಮಂಜು ಮುಸುಕಿದ ಬೆಳಗಿನ ಹಾಗೆ. 'ದುವಿಧಾ' ತೆಗೆದ ಕಣ್ಣಿಗೆ ಆ ಸೌಂದರ್ಯ ಕಾಣಲಿಲ್ಲವೆಂದು ನಂಬಲಾರೆ. ಅದನ್ನು ಬಿಟ್ಟು ಧೂಳಿನ ಒಳಗೆ ಹೋಗಿ, ಮುಖ ಮತ್ತು ಕೈ ಸ್ಪಷ್ಟವಾಗುವಷ್ಟು ಹತ್ತಿರ ನಿಲ್ಲುವುದು ಒಂದು ಆಯ್ಕೆ. ನವರೋಜ್ ಅವರ ಸಾಕ್ಷ್ಯಚಿತ್ರ ಶೈಲಿ ಎಂದು ನಾನು ಗುರುತಿಸುವುದು ಈ ಆಯ್ಕೆಯನ್ನು. ಕೆಲಸ ಮಾಡುವವರ ಎತ್ತರಕ್ಕೆ ಕ್ಯಾಮೆರಾ ಬರುತ್ತದೆ. ಹೆಂಗಸರು ಗುಂಪಾಗಿ ಕುಳಿತು ಮಾತಾಡುವಾಗ ಅದೂ ಆ ಗುಂಪಿನಲ್ಲಿ ಒಬ್ಬರ ಜಾಗ ಹಿಡಿದಂತೆ ಇರುತ್ತದೆ. ಅವರ ದನಿಗಳೇ ಚಿತ್ರವನ್ನು ನಡೆಸುತ್ತವೆ, ಮೇಲಿನಿಂದ ಬೇರೆ ಯಾರೂ ವಿವರಿಸುವುದಿಲ್ಲ.

ಈಗ ಆ ಹಿರಿಯರ ಪ್ರಶ್ನೆಗೆ ಬರೋಣ. ಮತ್ತೆ ನಡೆಸಿ ತೋರಿಸಿದ್ದು ದಾಖಲೆಯಾಗುತ್ತದೆಯೇ?

'ಇದಿ ಕಥಾ ಮಾತ್ರಮೇನಾ' ಚಿತ್ರದಲ್ಲಿ ಈ ಪ್ರಶ್ನೆ ಇನ್ನೂ ಚೂಪಾಗುತ್ತದೆ. 'ಇದು ಬರೀ ಕಥೆಯೇ?' ಎಂದು ಅದರ ಅರ್ಥ. ಮನೆಯೊಳಗಿನ ಹಿಂಸೆಯ ಬಗೆಗಿನ ಚಿತ್ರ. ಅದನ್ನು ಕ್ಯಾಮೆರಾ ಇಟ್ಟುಕೊಂಡು ಕಾದು ಹಿಡಿಯಲಾಗುವುದಿಲ್ಲ, ಹಿಡಿಯಲೂಬಾರದು. ಸಂಘಟನೆಯ ಹೆಂಗಸರು ತಮಗೆ ಗೊತ್ತಿದ್ದ ಬದುಕುಗಳನ್ನು ಸೇರಿಸಿ ಒಂದು ಕತೆ ಹೆಣೆದು ತಾವೇ ಅಭಿನಯಿಸಿದರು. ಸಾಕ್ಷ್ಯಚಿತ್ರ ತೆಗೆಯುವ ಅದೇ ಕ್ಯಾಮೆರಾ ಅದೇ ರೀತಿಯಲ್ಲಿ ಅದನ್ನು ಚಿತ್ರಿಸಿತು. ಆ ಘಟನೆ ಆ ದಿನ ನಡೆದದ್ದಲ್ಲ. ಆದರೆ ಹೊಡೆತ ತಿಂದವಳ ಮೌನ ಹೇಗಿರುತ್ತದೆ, ಅವಳು ಯಾವ ಮಾತಿಗೆ ಬಾಯಿ ಬಿಡುತ್ತಾಳೆ ಎಂಬುದನ್ನು ಬಲ್ಲವರು ಹೇಳಿಕೊಟ್ಟ ಸಾಕ್ಷ್ಯ ಅದರಲ್ಲಿದೆ.

ಮೌಖಿಕ ಚರಿತ್ರೆ ಮಾಡುವ ನಾವು ಇದನ್ನು ಬೇರೆ ರೂಪದಲ್ಲಿ ಒಪ್ಪಿಕೊಂಡೇ ಇದ್ದೇವೆ. ಅಜ್ಜಿಯೊಬ್ಬರು ನಲವತ್ತು ವರ್ಷದ ಹಿಂದಿನ ಮುಷ್ಕರವನ್ನು ನನಗೆ ಹೇಳುವಾಗ ಆಗಿನ ಮಾಲೀಕನ ಮಾತನ್ನು ಅವನ ದನಿಯಲ್ಲೇ ಅನುಕರಿಸುತ್ತಾರೆ. ಎದ್ದು ನಿಂತು ತೋರಿಸುತ್ತಾರೆ. ಅದನ್ನು ನಟನೆ ಎಂದು ನಾನು ತಳ್ಳಿಹಾಕುವುದಿಲ್ಲ, ಸಂದರ್ಶನ ಎಂದು ಬರೆದುಕೊಳ್ಳುತ್ತೇನೆ. ಮುಷ್ಕರ ಮಾಡಿದ ಹೆಂಗಸರೇ ಒಟ್ಟಾಗಿ ನಿರ್ಧರಿಸಿ, ತಾವು ದುಡಿದ ಜಾಗದಲ್ಲೇ ಕ್ಯಾಮೆರಾದ ಎದುರು ಅದನ್ನು ಮತ್ತೆ ಮಾಡಿ ತೋರಿಸಿದರೆ ಅದರ ಸಾಕ್ಷ್ಯಬಲ ಕಡಿಮೆಯಾಗುವುದು ಹೇಗೆ? ಒಂದು ಶರತ್ತು ಮಾತ್ರ ಇದೆ. ಯಾವುದು ಆಗ ನಡೆದದ್ದು, ಯಾವುದು ಮತ್ತೆ ನಡೆಸಿದ್ದು ಎಂಬುದನ್ನು ಇತಿಹಾಸಕಾರ ಮುಚ್ಚಿಡಬಾರದು. ಚಿತ್ರ ಹೇಗೆ ತಯಾರಾಯಿತು, ಕ್ಯಾಮೆರಾ ಎಲ್ಲಿತ್ತು, ಯಾರು ಹಿಡಿದಿದ್ದರು ಎಂದು ಹೇಳಬೇಕು. ಅಂದರೆ ಮೊದಲ ಪ್ರಶ್ನೆಗೆ ಉತ್ತರ ಕೊಡಲು ಎರಡನೆಯ ಪ್ರಶ್ನೆಗೆ ಉತ್ತರ ಗೊತ್ತಿರಲೇಬೇಕು. ಅಂದು ವೇದಿಕೆಯ ಮೇಲೆ ನನಗೆ ಹೊಳೆಯದೆ ಹೋದದ್ದು ಇದೇ.

ಇಷ್ಟು ಹೇಳಿ ನಿಲ್ಲಿಸಿದರೆ ಒಬ್ಬ ಛಾಯಾಗ್ರಾಹಕನ ಗುಣಗಾನವಾದೀತು. ಅಜ್ಜಿ ಹೇಳಿದ "ಒಳಗ ಬಂದಾರ" ಎಂಬ ಮಾತು ಯಾವಾಗಲೂ ಹೊಗಳಿಕೆ ಅಲ್ಲ. ಒಳಗೆ ಬರಲು ಅನುಮತಿ ಕೊಟ್ಟವರು ಯಾರು ಎಂಬುದರ ಮೇಲೆ ಅದರ ಅರ್ಥ ಬದಲಾಗುತ್ತದೆ.

ದೀಪಾ ಧನರಾಜ್ ನಿರ್ದೇಶಿಸಿ ನವರೋಜ್ ಚಿತ್ರೀಕರಿಸಿದ 'ಸಮ್‌ಥಿಂಗ್ ಲೈಕ್ ಎ ವಾರ್' (1991) ನಮ್ಮ ದೇಶದ ಕುಟುಂಬ ಯೋಜನೆಯ ಬಗೆಗಿನ ಚಿತ್ರ. 1952ರಲ್ಲಿ ಶುರುವಾದ ಕಾರ್ಯಕ್ರಮ ಅದು. ತುರ್ತು ಪರಿಸ್ಥಿತಿಯಲ್ಲಿ ಗಂಡಸರನ್ನು ಎಳೆದೊಯ್ದು ಶಸ್ತ್ರಚಿಕಿತ್ಸೆ ಮಾಡಿದ್ದಕ್ಕೆ ಜನ ಸಿಟ್ಟಿಗೆದ್ದ ಮೇಲೆ, ಗುರಿ ಸಂಖ್ಯೆಗಳ ಭಾರ ಹೆಂಗಸರ ಮೈಮೇಲೆ ಬಿತ್ತು. ಲ್ಯಾಪರೋಸ್ಕೋಪಿ ಶಿಬಿರಗಳು ಬಂದವು. ಚಿತ್ರದಲ್ಲಿ ಅಂಥ ಒಂದು ಶಿಬಿರವಿದೆ. ವೈದ್ಯರು ತಾನು ಮಾಡಿರುವ ಶಸ್ತ್ರಚಿಕಿತ್ಸೆಗಳ ಸಂಖ್ಯೆ ಮತ್ತು ವೇಗದ ಬಗ್ಗೆ ಹೆಮ್ಮೆಯಿಂದ ಹೇಳಿಕೊಳ್ಳುತ್ತಾರೆ. ಹೆಂಗಸರು ಒಬ್ಬರ ಹಿಂದೆ ಒಬ್ಬರು ಬರುತ್ತಾರೆ, ಮಲಗುತ್ತಾರೆ, ಹೋಗುತ್ತಾರೆ. ಕ್ಯಾಮೆರಾ ಹತ್ತಿರವೇ ಇದೆ. ನನಗೆ ಮೊದಲ ಸಲ ಪೂರ್ತಿ ನೋಡಲಾಗಲಿಲ್ಲ.

ಈ ಕೋಣೆಯಲ್ಲಿ ಕ್ಯಾಮೆರಾವನ್ನು ಒಳಗೆ ಬಿಡುವ ಅಧಿಕಾರ ಇದ್ದದ್ದು ಬಿಳಿ ಕೋಟಿನವರಿಗೆ. ಮೇಜಿನ ಮೇಲೆ ಮಲಗಿದವಳಿಗೆ ಇದ್ದ ಆಯ್ಕೆ ಎಷ್ಟು? ಈ ಚಿತ್ರವನ್ನು ತರಗತಿಯಲ್ಲಿ ತೋರಿಸಬೇಕೇ ಎಂದು ನಾವು ಸಂಶೋಧಕರು ನಮ್ಮೊಳಗೆ ವಾದಿಸಿದ್ದಿದೆ. ಆ ಸಂಕಟವನ್ನು ತೋರಿಸುವುದೂ ಆಕೆಯ ಮೇಲಿನ ಇನ್ನೊಂದು ಬಲವಂತ ಎನ್ನುವವರ ಮಾತನ್ನು ನಾನು ಸುಲಭವಾಗಿ ತಳ್ಳಿಹಾಕಲಾರೆ. ಆದರೆ ಇದೇ ಚಿತ್ರದಲ್ಲಿ ಇನ್ನೊಂದು ಜಾಗವಿದೆ. ಹೆಂಗಸರು ನೆಲದ ಮೇಲೆ ಸುತ್ತಾಗಿ ಕುಳಿತು ತಮ್ಮ ದೇಹ, ಮುಟ್ಟು, ಬಸಿರು, ಬಯಕೆಗಳ ಬಗ್ಗೆ ನಗುತ್ತಾ ಮಾತಾಡುತ್ತಾರೆ, ದೇಹದ ಚಿತ್ರ ಬರೆಯುತ್ತಾರೆ. ಅಲ್ಲಿ ಕ್ಯಾಮೆರಾ ನಿಪ್ಪಾಣಿಯಲ್ಲಿದ್ದ ಹಾಗೆಯೇ ಕುಳಿತಿದೆ. ಚಿತ್ರ ಈ ಎರಡು ಕೋಣೆಗಳ ನಡುವೆ ಹೋಗಿ ಬರುತ್ತಿರುತ್ತದೆ. ಶಿಬಿರದಲ್ಲಿ ದೇಹವೆಂದರೆ ಒಂದು ಅಂಕಿ. ವೃತ್ತದಲ್ಲಿ ಅದು ಮಾತಾಡುವ ಹೆಂಗಸಿನದು. ಒಂದನ್ನು ಕತ್ತರಿಸಿ ತೋರಿಸಿದರೆ ಇನ್ನೊಂದಕ್ಕೆ ಅನ್ಯಾಯವಾಗುತ್ತದೆ. ತರಗತಿಯಲ್ಲಿ ಶಿಬಿರದ ತುಣುಕನ್ನು ಮಾತ್ರ ಎಂದೂ ತೋರಿಸಬಾರದು ಎಂಬಲ್ಲಿಗೆ ನಮ್ಮ ವಾದ ಸದ್ಯಕ್ಕೆ ನಿಂತಿದೆ. ಅದು ಪೂರ್ತಿ ಸಮಾಧಾನ ತರುವ ಉತ್ತರವಲ್ಲ.

ನವರೋಜ್ ಬೇರೆ ಕೆಲಸಗಳನ್ನೂ ಮಾಡಿದರು. 1984ರ ಹೈದರಾಬಾದಿನ ಕೋಮುಗಲಭೆಯ ದಿನಗಳಲ್ಲಿ ತೆಗೆದ, ದೀಪಾ ಧನರಾಜ್ ಅವರ 'ಕ್ಯಾ ಹುವಾ ಇಸ್ ಶಹರ್ ಕೋ?' (1986) ಅವರದೇ ಛಾಯಾಗ್ರಹಣ. ಗುಜರಾತಿಯ 'ಹುಂ ಹುಂಶಿ ಹುಂಶೀಲಾಲ್'ನಂಥ (1992) ಕಥಾಚಿತ್ರಗಳಿಗೂ ಕ್ಯಾಮೆರಾ ಹಿಡಿದರು. ಅವೆಲ್ಲವನ್ನೂ ಇಲ್ಲಿ ತರುವುದಿಲ್ಲ.

ಒಂದು ಮಾತು ಮಾತ್ರ ಹೇಳಬೇಕು. ಯುಗಾಂತರ್‌ನಂಥ ತಂಡದ ಚಿತ್ರದಲ್ಲಿ ಇದು ನಿರ್ದೇಶಕಿಯದು, ಇದು ಛಾಯಾಗ್ರಾಹಕನದು, ಇದು ಕೆಲಸಗಾರ್ತಿಯರದು ಎಂದು ಗೆರೆ ಎಳೆಯಲಾಗದು. ಹಾಗೆ ಎಳೆಯಬಾರದೆಂದೇ ಅವರು ತಂಡ ಕಟ್ಟಿದ್ದು. ಹೆಂಗಸರ ಚಿತ್ರತಂಡದಲ್ಲಿ ಗಂಡಸಿನ ಹೆಸರನ್ನೇ ಯಾಕೆ ಎತ್ತಿ ಹಿಡಿಯುತ್ತೀಯ ಎಂದು ಗೆಳತಿಯೊಬ್ಬಳು ಕೇಳಿದಳು. ನ್ಯಾಯವಾದ ಪ್ರಶ್ನೆ. ಎತ್ತಿ ಹಿಡಿಯುವುದು ನನ್ನ ಉದ್ದೇಶವಲ್ಲ. ಯಾರ ಕಣ್ಣಿನಿಂದ ನೋಡುತ್ತಿದ್ದೇವೆ ಎಂದು ತಿಳಿದಿರುವುದು ಸ್ತ್ರೀವಾದಿ ಚರಿತ್ರೆ ನಮಗೆ ಕಲಿಸಿದ ಮೊದಲ ಪಾಠಗಳಲ್ಲೊಂದು. ಆ ಕೋಣೆಯಲ್ಲಿ ಒಬ್ಬ ಗಂಡಸು ಕ್ಯಾಮೆರಾ ಹಿಡಿದು ನಿಂತಿದ್ದ, ಆದರೂ ಹೆಂಗಸರು ಹೀಗೆ ಮಾತಾಡಿದರು ಎಂಬುದೇ ನಾವು ವಿಚಾರಿಸಬೇಕಾದ ಚಾರಿತ್ರಿಕ ಸಂಗತಿ.

ಯುಗಾಂತರ್ ಚಿತ್ರಗಳನ್ನು ಬರ್ಲಿನ್ನಿನ ಆರ್ಸೆನಲ್ ಸಂಸ್ಥೆಯ ನೆರವಿನಿಂದ ಡಿಜಿಟಲ್ ರೂಪಕ್ಕೆ ತರಲಾಗಿದೆ. ನಾನು ನೋಡಿದ್ದೂ ಹಾಗೆಯೇ. ಬೆಳಗಾವಿ ಜಿಲ್ಲೆಯ ಹೆಂಗಸರ ಮುಖಗಳು ಜರ್ಮನಿಗೆ ಹೋಗಿ, ಧೂಳು ಒರೆಸಿಕೊಂಡು ನಮ್ಮ ಲ್ಯಾಪ್‌ಟಾಪಿಗೆ ಮರಳಿ ಬಂದಿವೆ. ನಮ್ಮ ವಿಶ್ವವಿದ್ಯಾಲಯಗಳ ಇತಿಹಾಸ ವಿಭಾಗಗಳಲ್ಲಿ ಇವನ್ನು ಪಠ್ಯದ ಹಾಗೆ ಓದಿಸುವ ಕಾಲ ಬಂದರೆ ಒಳ್ಳೆಯದು.

ಅಧ್ಯಾಯವನ್ನು ತಿದ್ದಿದ್ದೇನೆ. ಅಡಿಟಿಪ್ಪಣಿ ಮೊದಲು ಒಂದು ಸಾಲಿತ್ತು, ಈಗ ಆರು ಸಾಲಾಗಿದೆ. ಚಿತ್ರದ ಹೆಸರು, ತಂಡದ ನಾಲ್ವರ ಹೆಸರು, ಛಾಯಾಗ್ರಹಣ ಯಾರದು, ಮತ್ತೆ ನಡೆಸಿದ ಭಾಗಗಳೂ ಇವೆ ಎಂಬ ಸೂಚನೆ, ಎಲ್ಲ ಇದೆ. ಮಾರ್ಗದರ್ಶಕರು ಉದ್ದವಾಯಿತು ಎಂದರು. ಕಡಿಮೆ ಮಾಡಲು ಯಾವ ಸಾಲು ತೆಗೆಯಲಿ ಎಂದು ಕೇಳಿದೆ. ಓದಿ ನೋಡಿ, ಇರಲಿ ಬಿಡಿ ಎಂದರು.